ಬೇಟೆಗಾರನ ನಿಶ್ಚಿಂತೆ

ಕೊಯೊಹಾರು ಗೊತೊಗೆ ಅವರ ‘ಡೆಮನ್ ಸ್ಲೇಯರ್’ ಮಾಂಗಾದ ಮೊದಮೊದಲ ಸಂಪುಟಗಳಲ್ಲಿ ನಟಗುಮೊ ಬೆಟ್ಟದ ಕಾಳಗ ಬರುತ್ತದೆ. ಬೆಟ್ಟದ ತುಂಬ ಜೇಡರಬಲೆ ಹೆಣೆದು, ಬಂದ ಬೇಟೆಗಾರರಲ್ಲಿ ಹಲವರ ಸಾವಿಗೆ ಕಾರಣನಾದ ರುಯಿ ಎಂಬ ಬಾಲಕ ರಕ್ಕಸನ ತಲೆ ಕೊನೆಗೂ ಉರುಳುತ್ತದೆ. ಮುಂಡ ಬೂದಿಯಾಗುತ್ತಿದೆ. ಗಾಯಗೊಂಡು ನೆಲಕ್ಕೆ ಬಿದ್ದಿರುವ ತಂಜಿರೊ ಆ ಮುಂಡದ ಬೆನ್ನ ಮೇಲೆ ಕೈ ಇಡುತ್ತಾನೆ. ಅಷ್ಟರಲ್ಲಿ ಹಿರಿಯ ಬೇಟೆಗಾರ ಗಿಯು ಬಂದು, ಉಳಿದ ಕಿಮೋನೊ ಮೇಲೆ ಕಾಲಿಟ್ಟು ನಿಂತು, ಮನುಷ್ಯರನ್ನು ತಿಂದವರಿಗೆ ಮರುಗಬೇಡ, ಮಗುವಿನ ರೂಪಕ್ಕೆ ಮರುಳಾಗಬೇಡ ಎಂದು ಗದರಿಸುತ್ತಾನೆ. ತಂಜಿರೊ ಕೊಡುವ ಉತ್ತರದಲ್ಲಿ ಎರಡು ಭಾಗಗಳಿವೆ. ಸತ್ತವರಿಗಾಗಿ, ಮುಂದೆ ಯಾರೂ ಸಾಯದಿರಲೆಂದು, ರಕ್ಕಸರ ಕತ್ತು ಕಡಿಯಲು ತಾನು ಹಿಂದೆಗೆಯುವುದಿಲ್ಲ ಎಂಬುದು ಮೊದಲನೆಯದು. ರಕ್ಕಸನಾಗಿ ಬಾಳಿದ ಸಂಕಟದಲ್ಲಿ ಬೆಂದವನನ್ನು ತಾನು ತುಳಿಯುವುದಿಲ್ಲ, ಆದ್ದರಿಂದ ಆ ಬಟ್ಟೆಯ ಮೇಲಿಂದ ಕಾಲು ತೆಗೆಯಿರಿ ಎಂಬುದು ಎರಡನೆಯದು.

ಆ ಎರಡು ಭಾಗಗಳ ನಡುವಿನ ಬಿರುಕಿನಲ್ಲೇ ಈ ಬಗೆಯ ಮಾಂಗಾಗಳ ನೈತಿಕ ಜಗತ್ತು ಇದೆ ಎಂಬುದು ನನ್ನ ವಾದ. ರಕ್ಕಸರು ಮತ್ತು ಅವರನ್ನು ಬೇಟೆಯಾಡುವವರ ಕಥೆ ಹೇಳುವ, ಡಾರ್ಕ್ ಫ್ಯಾಂಟಸಿ ಎಂದು ಕರೆಸಿಕೊಳ್ಳುವ ಜಪಾನಿನ ಈ ಚಿತ್ರಕಥೆಗಳ ಬಗ್ಗೆ ಸಾಮಾನ್ಯವಾಗಿ ಕೇಳಿಬರುವ ಮಾತು ಒಂದೇ: ಇಲ್ಲಿ ಒಳ್ಳೆಯದು ಕೆಟ್ಟದ್ದು ಕಲಸಿಹೋಗಿದೆ, ರಕ್ಕಸನೂ ಮನುಷ್ಯನೂ ಒಂದೇ ಎಂದು ಇವು ಹೇಳುತ್ತವೆ. ಹೊಗಳುವವರೂ ತೆಗಳುವವರೂ ಇದನ್ನೇ ಹೇಳುತ್ತಾರೆ. ಆದರೆ ಪುಟಪುಟ ಬಿಡಿಸಿ ಓದಿದರೆ ಇವುಗಳಲ್ಲಿ ಒಳ್ಳೆಯವು ಹಾಗೆ ಹೇಳುವುದೇ ಇಲ್ಲ. ರಕ್ಕಸ ಕೊಲೆಗಾರನೇ. ಅವನನ್ನು ತಡೆಯಲೇಬೇಕು, ಹಲವು ಸಲ ಕೊಲ್ಲಲೇಬೇಕು. ಇದನ್ನೆಲ್ಲ ಒಪ್ಪಿಕೊಂಡ ಮೇಲೆ ಅವು ಕೇಳುವ ಪ್ರಶ್ನೆ ಬೇಟೆಗಾರನ ಕಡೆಗೆ ತಿರುಗುತ್ತದೆ. ಕೊಲ್ಲುವ ಅಗತ್ಯ ಇದ್ದ ಮಾತ್ರಕ್ಕೆ, ಕೊಂದದ್ದು ಯಾರನ್ನು ಎಂದು ತಿಳಿಯದೆ ನಿಶ್ಚಿಂತನಾಗಿರುವ ಹಕ್ಕು ನಿನಗೆ ಎಲ್ಲಿಂದ ಬಂತು?

ಈ ಪ್ರಶ್ನೆ ಜಪಾನಿನಲ್ಲಿ ಹುಟ್ಟಿಕೊಂಡದ್ದಕ್ಕೆ ಚರಿತ್ರೆಯ ಕಾರಣಗಳಿವೆ. ಅಲ್ಲಿನ ಹಳೆಯ ರಕ್ಕಸಕಥೆಗಳಲ್ಲಿ ಹೆಸರಾದದ್ದು ಒಎ ಬೆಟ್ಟದ ಶುತೆನ್ ದೋಜಿಯದು. ಕ್ಯೋತೊ ನಗರದಿಂದ ಹೆಣ್ಣುಮಕ್ಕಳನ್ನು ಹೊತ್ತೊಯ್ದು ತಿನ್ನುವ ಅವನನ್ನು ಕೊಲ್ಲಲು ಮಿನಮೊತೊ ನೊ ರೈಕೊ ಎಂಬ ವೀರ ತನ್ನ ಸಂಗಡಿಗರೊಂದಿಗೆ ಸನ್ಯಾಸಿ ವೇಷದಲ್ಲಿ ಹೋಗುತ್ತಾನೆ. ರಕ್ಕಸ ಅತಿಥಿಗಳನ್ನು ಬರಮಾಡಿಕೊಂಡು ಉಪಚರಿಸುತ್ತಾನೆ, ಒಂದು ಮಠ ಕಟ್ಟುವುದಕ್ಕಾಗಿ ತನ್ನನ್ನು ಹಳೆಯ ಬೆಟ್ಟದಿಂದ ಓಡಿಸಿದ ಕಥೆಯನ್ನೂ ಹೇಳಿಕೊಳ್ಳುತ್ತಾನೆ. ಅವರು ಮದ್ದು ಬೆರೆತ ಮದ್ಯ ಕುಡಿಸಿ, ಅವನು ಮಲಗಿದ್ದಾಗ ತಲೆ ಕಡಿಯುತ್ತಾರೆ. ಸಾಯುವ ಗಳಿಗೆಯಲ್ಲಿ ಶುತೆನ್ ದೋಜಿ ಆಡುವ ಮಾತು ಶತಮಾನಗಳಿಂದ ಆ ಕಥೆಯಲ್ಲಿ ಉಳಿದುಬಂದಿದೆ: ಇಂಥ ವಂಚನೆ ರಕ್ಕಸರಲ್ಲಿ ಇಲ್ಲ ಎಂಬ ಆಕ್ಷೇಪ. ಕಥೆ ರೈಕೊನ ಪರವಾಗಿಯೇ ಇದೆ, ನರಭಕ್ಷಕನ ಸಾವಿಗೆ ಯಾರೂ ಅಳುವುದಿಲ್ಲ. ಆದರೂ ಹೇಳಿದವರು ಆ ಮಾತನ್ನು ಅಳಿಸಿ ಹಾಕಲಿಲ್ಲ.

ಅಳಿಸಿ ಹಾಕಿದ ಕಾಲವೂ ಬಂತು. ಪೀಚ್ ಹಣ್ಣಿನಿಂದ ಹುಟ್ಟಿ, ನಾಯಿ, ಕೋತಿ, ಫೆಸಂಟ್ ಹಕ್ಕಿಯ ಜೊತೆ ರಕ್ಕಸರ ದ್ವೀಪಕ್ಕೆ ದಂಡೆತ್ತಿ ಹೋಗುವ ಮೊಮೊತಾರೊ ಜಪಾನಿನ ಪ್ರತಿ ಮಗುವಿಗೂ ಗೊತ್ತಿರುವ ವೀರ. 1924ರಲ್ಲಿ ಅಕುತಗಾವ ರ‍್ಯುನೊಸುಕೆ ಈ ಕಥೆಯನ್ನು ತಲೆಕೆಳಗು ಮಾಡಿ ಬರೆದರು. ಅವರ ಕಥೆಯಲ್ಲಿ ರಕ್ಕಸರು ತಮ್ಮ ಪಾಡಿಗೆ ನೆಮ್ಮದಿಯಿಂದ ಬಾಳುತ್ತಿರುವ ದ್ವೀಪವಾಸಿಗಳು, ಮೊಮೊತಾರೊ ಕಾರಣವಿಲ್ಲದೆ ಬಂದೆರಗುವ ದಾಳಿಕೋರ. ಅವರ ಎಚ್ಚರಿಕೆ ದೇಶದ ಕಿವಿಗೆ ಬೀಳಲಿಲ್ಲ. ಎರಡನೇ ಮಹಾಯುದ್ಧದಲ್ಲಿ ಅಮೆರಿಕನ್ನರು, ಬ್ರಿಟಿಷರು ರಕ್ಕಸರು ಮತ್ತು ಮೃಗಗಳು ಎಂಬ ಘೋಷಣೆ ಜಪಾನಿನ ಗೋಡೆ, ಪತ್ರಿಕೆ, ಶಾಲೆಗಳನ್ನೆಲ್ಲ ತುಂಬಿತು. ನೌಕಾಪಡೆಯ ಹಣದಿಂದ ಸೆಒ ಮಿತ್ಸುಯೊ ನಿರ್ದೇಶಿಸಿದ, 1945ರ ಏಪ್ರಿಲ್‌ನಲ್ಲಿ ತೆರೆಕಂಡ ಮೊಮೊತಾರೊ ಚಿತ್ರ ಜಪಾನಿನ ಮೊದಲ ಪೂರ್ಣಪ್ರಮಾಣದ ಆನಿಮೇಷನ್ ಸಿನಿಮಾ. ಅದರಲ್ಲಿ ಮುದ್ದಾದ ಪ್ರಾಣಿಗಳು ಪ್ಯಾರಾಚೂಟ್‌ನಲ್ಲಿ ಇಳಿದು ರಕ್ಕಸರ ದ್ವೀಪವನ್ನು ಗೆಲ್ಲುತ್ತವೆ. ಶರಣಾಗುವ ಬ್ರಿಟಿಷ್ ಅಧಿಕಾರಿಗಳ ತಲೆಯ ಮೇಲೆ ಕೊಂಬುಗಳಿವೆ. ಬೇಟೆಗಾರನ ನಿಶ್ಚಿಂತೆ ಒಂದು ಸರ್ಕಾರದ ನೀತಿಯಾದಾಗ ಏನಾಗುತ್ತದೆ ಎಂಬುದನ್ನು ಚೀನಾದಿಂದ ಫಿಲಿಪ್ಪೀನ್ಸ್‌ವರೆಗೆ ಏಷ್ಯಾದ ಜನ ಅನುಭವಿಸಿದರು. ಬೆಂಕಿಬಾಂಬು ಮತ್ತು ಅಣುಬಾಂಬುಗಳ ಅಡಿಯಲ್ಲಿ ಜಪಾನಿನ ಜನರೂ ಅನುಭವಿಸಿದರು. ಅವರ ಶತ್ರುಗಳೂ ಅವರನ್ನು ಮನುಷ್ಯರೆಂದು ಎಣಿಸಿರಲಿಲ್ಲ.

ಆ ಸಿನಿಮಾವನ್ನು ಒಸಾಕಾದ ಚಿತ್ರಮಂದಿರದಲ್ಲಿ ನೋಡಿ ಮನಸೋತ ಹುಡುಗನೊಬ್ಬನಿದ್ದ, ತೆಜುಕ ಒಸಾಮು. ಮುಂದೆ ಮಾಂಗಾ ಕಲೆಯ ಪಿತಾಮಹನೆನಿಸಿದ ಅವರು 1967ರಲ್ಲಿ ‘ದೊರೊರೊ’ ಆರಂಭಿಸಿದಾಗ ರಕ್ಕಸರನ್ನು ಬೇಟೆಯಾಡುವ ವೀರನಿಗೆ ಬೇರೆಯದೇ ಬದುಕು ಕೊಟ್ಟರು. ಹ್ಯಾಕ್ಕಿಮಾರು ಹುಟ್ಟುವ ಮೊದಲೇ ಅವನ ತಂದೆ ಅಧಿಕಾರದ ಆಸೆಗೆ ಅವನ ದೇಹದ 48 ಭಾಗಗಳನ್ನು 48 ರಕ್ಕಸರಿಗೆ ಬರೆದುಕೊಟ್ಟಿರುತ್ತಾನೆ. ಒಬ್ಬೊಬ್ಬ ರಕ್ಕಸನನ್ನು ಕೊಂದಾಗ ಒಂದೊಂದು ಅಂಗ ಅವನಿಗೆ ಮರಳುತ್ತದೆ. ಅವನಿಂದ ಉಳಿದುಕೊಂಡ ಹಳ್ಳಿಗಳ ಜನ, ಕೆಲಸ ಮುಗಿದ ಮೇಲೆ ಈ ವಿಚಿತ್ರ ದೇಹದವನಿಗೆ ಅಂಜಿ ಊರಾಚೆ ಅಟ್ಟುತ್ತಾರೆ. ರಕ್ಕಸ ಸತ್ತ ಮೇಲೂ ಊರಿಗೆ ಒಬ್ಬ ರಕ್ಕಸ ಬೇಕೇ ಬೇಕು.

1972ರಲ್ಲಿ ನಾಗಾಯ್ ಗೋ ‘ಡೆವಿಲ್‌ಮ್ಯಾನ್’ ಬರೆಯತೊಡಗಿದಾಗ ಆ ಸೂಚನೆ ಸ್ಫೋಟವೇ ಆಯಿತು. ಮನುಷ್ಯರನ್ನು ಉಳಿಸಲೆಂದು ರಕ್ಕಸನ ಬಲವನ್ನು ಮೈಗೆ ಆವಾಹಿಸಿಕೊಂಡ ಫುದೊ ಅಕಿರಾ ಕೊನೆಗೆ ಕಾಣುವುದೇನು? ಅತೃಪ್ತ ಮನುಷ್ಯರೇ ರಕ್ಕಸರಾಗುತ್ತಾರೆ ಎಂಬ ಸುದ್ದಿ ಹಬ್ಬಿದ್ದೇ ತಡ, ನೆರೆಹೊರೆಯವರು ಪರಸ್ಪರ ದೂರು ಕೊಡುತ್ತಾರೆ, ಶಂಕಿತರನ್ನು ಹಿಡಿದು ಹಿಂಸಿಸಲು ಸರ್ಕಾರ ದಳ ಕಟ್ಟುತ್ತದೆ. ಅವನನ್ನು ಮನೆಮಗನಂತೆ ಸಾಕಿದ ಕುಟುಂಬವನ್ನು ಮುಗಿಸುವವರು ಮನುಷ್ಯರು. ಅವನು ಪ್ರೀತಿಸಿದ ಮಿಕಿಯ ತಲೆಯನ್ನು ಕೋಲಿಗೆ ಸಿಕ್ಕಿಸಿ ಕುಣಿಯುವವರೂ ಮನುಷ್ಯರು. ಮಕ್ಕಳ ವಾರಪತ್ರಿಕೆಯೊಂದರಲ್ಲಿ ಇದು ಅಚ್ಚಾಯಿತು ಎಂಬುದನ್ನು ಇವತ್ತಿಗೂ ನಂಬುವುದು ಕಷ್ಟ. ಇದು ಯುದ್ಧವಿರೋಧಿ ಕೃತಿ ಎಂದು ನಾಗಾಯ್ ಹೇಳಿದ್ದಾರೆ. ಆನಂತರದ ಅರ್ಧ ಶತಮಾನದ ರಕ್ಕಸ ಮಾಂಗಾಗಳೆಲ್ಲ ಒಂದಲ್ಲ ಒಂದು ರೀತಿಯಲ್ಲಿ ಈ ಕೃತಿಯ ಋಣದಲ್ಲಿವೆ. ಆದರೆ ‘ಡೆವಿಲ್‌ಮ್ಯಾನ್’ನಲ್ಲಿ ಒಂದು ಸುಲಭದ ದಾರಿಯಿದೆ. ಅಲ್ಲಿ ಸಾಯುವವರು ನಿರಪರಾಧಿಗಳು. ಕೊಂದವರು ತಪ್ಪು ಮಾಡಿದರು ಎನ್ನಲು ಯಾರೂ ತಿಣುಕಬೇಕಿಲ್ಲ. ಸಾಯುವವನು ನಿಜಕ್ಕೂ ಮನುಷ್ಯರನ್ನು ತಿಂದವನಾಗಿದ್ದರೆ ಪ್ರಶ್ನೆ ಕಠಿಣವಾಗುತ್ತದೆ.

ಆ ಕಠಿಣ ಪ್ರಶ್ನೆಯನ್ನು ನೇರವಾಗಿ ಕೈಗೆತ್ತಿಕೊಂಡದ್ದು ಇವಾಕಿ ಹಿತೋಶಿ ಅವರ ‘ಪ್ಯಾರಸೈಟ್’. 1980ರ ದಶಕದ ಕೊನೆಗೆ ಆರಂಭವಾಗಿ 1995ರ ಹೊತ್ತಿಗೆ ಮುಗಿದ ಈ ಕೃತಿಯಲ್ಲಿ ಪರಜೀವಿಗಳು ಮನುಷ್ಯರ ತಲೆಯೊಳಗೆ ಹೊಕ್ಕು, ಮುಖ ಧರಿಸಿ, ಇತರ ಮನುಷ್ಯರನ್ನು ತಿನ್ನುತ್ತವೆ. ಶಿನಿಚಿ ಎಂಬ ಹುಡುಗನಲ್ಲಿ ಮಾತ್ರ ಅದು ಮಿದುಳಿಗೆ ಹೋಗಲಾಗದೆ ಬಲಗೈಯಲ್ಲಿ ಉಳಿಯುತ್ತದೆ. ಅವನ ತಾಯಿಯನ್ನು ಒಂದು ಪರಜೀವಿ ಕೊಲ್ಲುತ್ತದೆ, ಹಾಗಾಗಿ ದ್ವೇಷಕ್ಕೆ ಅವನಲ್ಲಿ ಕಾರಣ ಬೇಕಾದಷ್ಟಿದೆ. ಕೊನೆಯ ಎದುರಾಳಿ ಗೊತೊ, ಒಂದೇ ದೇಹದಲ್ಲಿ ಐದು ಪರಜೀವಿಗಳನ್ನು ಹೊತ್ತ, ಯಾರೂ ಗೆಲ್ಲಲಾಗದ ಜೀವಿ. ಅವನನ್ನು ಕೆಡಹುವುದು ಶೌರ್ಯವೂ ಅಲ್ಲ, ಅಸ್ತ್ರವೂ ಅಲ್ಲ. ಕಾಡಿನಲ್ಲಿ ಮನುಷ್ಯರು ಕದ್ದು ಸುರಿದುಹೋದ ಕಸದ ರಾಶಿಯಿಂದ ಕೈಗೆ ಸಿಕ್ಕ ತುಕ್ಕು ಹಿಡಿದ ಕಂಬಿಯೊಂದರ ವಿಷ. ಚೆಲ್ಲಾಪಿಲ್ಲಿಯಾಗಿ ಬಿದ್ದ ದೇಹ ಮತ್ತೆ ಕೂಡಿಕೊಳ್ಳಲು ಒದ್ದಾಡುತ್ತಿರುವಾಗ ಶಿನಿಚಿ ಮಚ್ಚು ಹಿಡಿದು ನಿಂತಿರುತ್ತಾನೆ. ಬದುಕಲು ಹೆಣಗುತ್ತಿರುವ ಒಂದು ಜೀವ ಬೇಡವೆಂದು ತೀರ್ಮಾನಿಸಲು ತಾನು ಯಾರು ಎಂದುಕೊಂಡು ಹೊರಟೇಬಿಡುತ್ತಾನೆ. ಒಂದಷ್ಟು ದೂರ ಹೋಗಿ ಮರಳಿ ಬರುತ್ತಾನೆ. ತಾನೊಬ್ಬ ಸಣ್ಣ ಮನುಷ್ಯ, ತನಗೆ ಉಳಿಸಿಕೊಳ್ಳಬೇಕಾದ ತನ್ನವರಿದ್ದಾರೆ. ನಿನ್ನದೇನೂ ತಪ್ಪಿಲ್ಲ ಎಂದು ಕ್ಷಮೆ ಕೇಳಿ, ಅಳುತ್ತ ಕಡಿಯುತ್ತಾನೆ.

ಹೊರಟುಹೋದದ್ದೂ ಮರಳಿ ಬಂದದ್ದೂ ಎರಡೂ ಇಲ್ಲಿ ಬೇಕು. ಹೊರಟುಹೋಗಿ ಮರಳದಿದ್ದರೆ ಅದು ಇತರರ ಪ್ರಾಣದ ಮೇಲೆ ಕಟ್ಟಿದ ಪುಣ್ಯವಾಗುತ್ತಿತ್ತು. ಹೊರಡದೆ ನೇರ ಕಡಿದುಹಾಕಿದ್ದರೆ ಸಾವಿರಾರು ಸಾಹಸಕಥೆಗಳಲ್ಲಿ ಇದೂ ಒಂದಾಗುತ್ತಿತ್ತು. ಮನುಕುಲದ ಹೆಸರಿನಲ್ಲಾಗಲಿ, ನ್ಯಾಯದ ಹೆಸರಿನಲ್ಲಾಗಲಿ ಶಿನಿಚಿ ಕೊಲ್ಲುವುದಿಲ್ಲ. ತನ್ನ ಮನೆಯವರ ಹೆಸರಿನಲ್ಲಿ, ಅದು ಸ್ವಾರ್ಥವೆಂದು ತಿಳಿದೇ ಕೊಲ್ಲುತ್ತಾನೆ. ಕೊಲೆಗೆ ಅವನು ಕೊಟ್ಟುಕೊಂಡ ಕಾರಣ ಅದರ ನಿಜವಾದ ಅಳತೆಗಿಂತ ಒಂದಿಷ್ಟೂ ದೊಡ್ಡದಲ್ಲ. ಇಷ್ಟು ಪ್ರಾಮಾಣಿಕವಾದ ಇನ್ನೊಂದು ಕೊಲೆ ಈ ಪ್ರಕಾರದಲ್ಲಿ ನನಗೆ ಗೊತ್ತಿಲ್ಲ.

ಇಶಿದಾ ಸುಯಿ ಅವರ ‘ಟೋಕಿಯೊ ಘೂಲ್’ (2011ರಿಂದ 2018ರವರೆಗೆ ಎರಡು ಭಾಗಗಳಲ್ಲಿ) ಅದೇ ಪ್ರಶ್ನೆಯನ್ನು ಒಬ್ಬನ ಎದೆಯಿಂದ ತೆಗೆದು ಒಂದು ಇಲಾಖೆಯ ಮುಂದಿಡುತ್ತದೆ. ಘೂಲ್‌ಗಳು ನರಮಾಂಸವಲ್ಲದೆ ಬೇರೇನೂ ತಿನ್ನಲಾರದವರು. ಕಾಫಿಯೊಂದು ಮಾತ್ರ ಅವರ ನಾಲಿಗೆಗೆ ಹಿಡಿಸುತ್ತದೆ. ಸಾಹಿತ್ಯದ ವಿದ್ಯಾರ್ಥಿ ಕನೆಕಿ ಅಪಘಾತದಲ್ಲಿ ಸಿಕ್ಕಿ, ಘೂಲ್ ಒಬ್ಬಳ ಅಂಗಾಂಗ ಕಸಿಯಿಂದ ಉಳಿದು, ಅರ್ಧ ಘೂಲ್ ಆಗುತ್ತಾನೆ. ಅವರನ್ನು ಬೇಟೆಯಾಡುವ ಸರ್ಕಾರಿ ತನಿಖಾಧಿಕಾರಿಗಳು ಬಳಸುವ ಆಯುಧಗಳೆಲ್ಲ ಕೊಂದ ಘೂಲ್‌ಗಳ ಅಂಗದಿಂದಲೇ ತಯಾರಾದವು. ಮಾಡೊ ಎಂಬ ಅಧಿಕಾರಿ ಹಿನಾಮಿ ಎಂಬ ಪುಟ್ಟ ಹುಡುಗಿಯ ತಂದೆತಾಯಿಯರನ್ನು ಕೊಂದು, ಅವರ ಅಂಗಗಳಿಂದ ಮಾಡಿದ ಆಯುಧಗಳನ್ನು ಅವಳೆದುರು ಹಿಡಿದು ನಿಲ್ಲುತ್ತಾನೆ. ಆಗ ಅವನಿಗಾಗುವ ಸಂತೋಷ ಅಸಹ್ಯವಾದದ್ದು. ಅವನು ಸತ್ತ ಮೇಲೆ ಕೈಯಲ್ಲಿ ಮದುವೆಯ ಉಂಗುರ ಕಾಣುತ್ತದೆ, ಅವನ ಹೆಂಡತಿಯನ್ನು ಕೊಂದದ್ದು ಒಂದು ಘೂಲ್. ಅವನ ಜೊತೆಗಾರ ಅಮೊನ್ ಬೆಳೆದ ಅನಾಥಾಲಯದ ಪಾದ್ರಿಯೇ ಘೂಲ್ ಆಗಿದ್ದ, ಮಕ್ಕಳನ್ನು ತಿನ್ನುತ್ತಿದ್ದ. ಇವರ ದ್ವೇಷ ಸುಳ್ಳಲ್ಲ. ತನ್ನ ಕೈಗೆ ಸಿಕ್ಕಿಬಿದ್ದ ಅಮೊನ್‌ನನ್ನು ಕನೆಕಿ, ಓಡಿಹೋಗು, ನನ್ನನ್ನು ಕೊಲೆಗಾರನನ್ನಾಗಿ ಮಾಡಬೇಡ ಎಂದು ಅಳುತ್ತ ಬೇಡಿಕೊಂಡಾಗ ಅಮೊನ್ ಮೊದಲ ಬಾರಿಗೆ ತಬ್ಬಿಬ್ಬಾಗುತ್ತಾನೆ. ಆಮೇಲಿನ ಅವನ ಬದುಕೆಲ್ಲ ಆ ತಬ್ಬಿಬ್ಬಿನ ಫಲ.

ಬೇಟೆಯೇ ಇಲಾಖೆಯಾದಾಗ ಇನ್ನೊಂದು ತೊಡಕು ಹುಟ್ಟುತ್ತದೆ, ರಕ್ಕಸರು ಮುಗಿದುಹೋದರೆ ಇಲಾಖೆಗೆ ಕೆಲಸವಿಲ್ಲ. ಯಾಗಿ ನೊರಿಹಿರೊ ಅವರ ‘ಕ್ಲೇಮೋರ್’ನಲ್ಲಿ ಅರೆರಕ್ಕಸಿಯರಾದ ಬೇಟೆಗಾರ್ತಿಯರನ್ನು ಹಳ್ಳಿಹಳ್ಳಿಗೆ ಕಳಿಸಿ ಹಣ ವಸೂಲಿ ಮಾಡುವ ಸಂಸ್ಥೆಯೇ ಆ ರಕ್ಕಸರನ್ನು ಸೃಷ್ಟಿಸಿದ್ದೆಂದು ಕೊನೆಗೆ ತಿಳಿಯುತ್ತದೆ. ‘ಟೋಕಿಯೊ ಘೂಲ್’ನಲ್ಲೂ ತನಿಖಾ ಇಲಾಖೆಯನ್ನು ತಲೆಮಾರುಗಳಿಂದ ಆಳುತ್ತಿರುವ ವಾಶು ಮನೆತನ ಘೂಲ್‌ಗಳದೇ. ಈ ತಿರುವು ಈಗ ಹಳಸಿದೆ, ಅದನ್ನೇ ನೆಚ್ಚಿಕೊಂಡ ಕೃತಿಗಳು ಬೇಸರ ತರುತ್ತವೆ. ಬೇಟೆಯ ಹಿಂದೆ ಪಿತೂರಿಯಿದೆ ಎಂದು ತೋರಿಸಿದ ಕೂಡಲೇ ಓದುಗನಿಗೂ ನಿಶ್ಚಿಂತೆ ಮರಳಿಬಿಡುತ್ತದೆ. ತಪ್ಪೆಲ್ಲ ಮೇಲಿನವರದು ಎಂದು ಪುಸ್ತಕ ಮುಚ್ಚಬಹುದು.

ಇನ್ನು ಮುಖ್ಯವಾದ ಆಕ್ಷೇಪ. ಹಸಿವು ಪಾಪವಲ್ಲ, ಬೇರೇನೂ ತಿನ್ನಲಾರದವನು ಮನುಷ್ಯನನ್ನು ತಿಂದರೆ ಅವನನ್ನು ದೂರುವುದು ಹೇಗೆ ಎಂಬ ವಾದವನ್ನು ಈ ಕೃತಿಗಳ ಅಭಿಮಾನಿಗಳು ಬಲವಾಗಿ ಮುಂದಿಡುತ್ತಾರೆ. ಅದಕ್ಕೆ ಎದುರಾಡುವವರು ಕೇಳುತ್ತಾರೆ, ಹಾಗಾದರೆ ತಿನ್ನಿಸಿಕೊಂಡವನ ಗತಿಯೇನು? ಎದುರಾಡುವವರ ಪಕ್ಷ ಇಲ್ಲಿ ಬಲವಾಗಿದೆ ಎಂದು ಒಪ್ಪಬೇಕು. ಹಸಿವಿಗೆ ಪೂರ್ಣ ವಿನಾಯಿತಿ ಕೊಟ್ಟರೆ ರಕ್ಕಸ ನೈತಿಕ ಜೀವಿಯೇ ಅಲ್ಲ, ಪ್ರವಾಹದಂತೆ, ಕಾಯಿಲೆಯಂತೆ ಒಂದು ನಿಸರ್ಗದ ಘಟನೆ. ಅವನ ಬಗ್ಗೆ ಮರುಕಕ್ಕೂ ಆಗ ಅರ್ಥವಿರುವುದಿಲ್ಲ. ಈ ಗಂಟನ್ನು ನಿಜವಾಗಿ ಬಿಡಿಸಿದ್ದು ‘ಶಿಕಿ’. ಒನೊ ಫುಯುಮಿ 1998ರಲ್ಲಿ ಕಾದಂಬರಿಯಾಗಿ ಬರೆದ ಇದನ್ನು ಫುಜಿಸಾಕಿ ರ‍್ಯು 11 ಸಂಪುಟಗಳ ಮಾಂಗಾ ಮಾಡಿದರು, ಅದು 2011ರಲ್ಲಿ ಮುಗಿಯಿತು.

ಸೊತೊಬಾ ಎಂಬ ಬೆಟ್ಟದ ನಡುವಿನ ಹಳ್ಳಿ, ಜನಸಂಖ್ಯೆ 1,300ರ ಆಸುಪಾಸು. ಸಮಾಧಿಗಳ ಮೇಲೆ ನೆಡುವ ಮರದ ಹಲಗೆಗಳನ್ನು ತಯಾರಿಸುತ್ತಿದ್ದ ಊರು. ಜಪಾನಿನ ಬಹುಭಾಗದಲ್ಲಿ ಹೆಣ ಸುಡುವಾಗ ಇಲ್ಲಿ ಇನ್ನೂ ಹೂಳುತ್ತಾರೆ. ಒಂದು ಬೇಸಗೆಯಲ್ಲಿ ಸಾಲುಸಾಲು ಸಾವುಗಳು ಶುರುವಾಗುತ್ತವೆ, ಹೂತವರಲ್ಲಿ ಕೆಲವರು ಏಳುತ್ತಾರೆ, ರಕ್ತ ಕುಡಿಯತೊಡಗುತ್ತಾರೆ. ಇವರೇ ಶಿಕಿಗಳು. ಎದ್ದವರಾರೂ ಅಪರಿಚಿತರಲ್ಲ, ಅವರು ನೆನ್ನೆಯ ನೆರೆಯವರು, ಗೆಳೆಯರು, ಮನೆಮಕ್ಕಳು. ನೆನಪು, ನಾಚಿಕೆ, ಅಂಜಿಕೆ ಎಲ್ಲವೂ ಅವರಲ್ಲಿ ಹಾಗೇ ಇದೆ. ಊರಿನ ಏಕೈಕ ವೈದ್ಯ ಒಜಾಕಿ ತೊಶಿಯೊ ಸತ್ಯವನ್ನು ಮೊದಲು ಕಂಡುಕೊಳ್ಳುತ್ತಾನೆ. ಅವನ ಹೆಂಡತಿ ಕ್ಯೋಕೊ ಕಚ್ಚಿಸಿಕೊಂಡು ಸಾಯುತ್ತಾಳೆ. ಏಳುತ್ತಾಳೋ ಎಂದು ಅವನು ಕಾಯುತ್ತಾನೆ. ಎದ್ದವಳನ್ನು ಮಂಚಕ್ಕೆ ಬಿಗಿದು, ಬಾಯಿ ಮುಚ್ಚಿ, ಯಾವ ಮದ್ದಿಗೆ ಯಾವ ಗಾಯಕ್ಕೆ ಸಾಯುತ್ತಾಳೆಂದು ಒಂದೊಂದಾಗಿ ಪರೀಕ್ಷಿಸುತ್ತ ಎಲ್ಲವನ್ನೂ ದಾಖಲಿಸಿಕೊಳ್ಳುತ್ತಾನೆ. ಕೊನೆಗೆ ಎದೆಗೆ ಗೂಟ ಹೊಡೆಯುತ್ತಾನೆ. ಅವಳ ಕಣ್ಣುಗಳು ತೆರೆದೇ ಇವೆ, ಅವಳಿಗೆ ಎಲ್ಲ ಅರ್ಥವಾಗುತ್ತಿದೆ. ಆ ಜ್ಞಾನವಿಲ್ಲದೆ ಊರು ಉಳಿಯುತ್ತಿರಲಿಲ್ಲ ಎಂಬುದೂ ನಿಜ. ಒಜಾಕಿಯನ್ನು ಕ್ರೂರಿ ಎಂದು ಬೈದು ಪಾರಾಗಲು ಒನೊ ನಮಗೆ ಅವಕಾಶ ಕೊಡುವುದಿಲ್ಲ, ಏಕೆಂದರೆ ಅವನು ಕೈಕಟ್ಟಿ ಕುಳಿತಿದ್ದರೆ ಸಾಯುವವರು ಇನ್ನೂ ಹೆಚ್ಚಾಗುತ್ತಿದ್ದರು.

ಅದೇ ಆಸ್ಪತ್ರೆಯ ದಾದಿ ರಿತ್ಸುಕೊ ಕೂಡ ಸತ್ತು ಏಳುತ್ತಾಳೆ. ಅವಳ ಸಹೋದ್ಯೋಗಿಯನ್ನೇ ಅವಳಿಗೆ ಆಹಾರವಾಗಿ ಕೊಡುತ್ತಾರೆ. ಹಸಿವಿನಿಂದ ನರಳುತ್ತ ರಿತ್ಸುಕೊ ಕುಡಿಯಲು ಒಪ್ಪುವುದೇ ಇಲ್ಲ. ಬದುಕಲು ಕೊಲ್ಲಲೇಬೇಕೆಂದಿದ್ದರೆ ನನಗೆ ಬದುಕು ಬೇಡ ಎಂಬುದು ಅವಳ ನಿಲುವು. ಅವಳನ್ನು ಕಾಯಲು ನಿಂತ ತೊರು ಎಂಬ ಯುವಕ, ಈಗಾಗಲೇ ಕೊಂದವನು, ಅವಳನ್ನು ನೋಡಿ ಕುಸಿದು ಆ ಸೆರೆಯಾಳನ್ನು ಬಿಟ್ಟುಬಿಡುತ್ತಾನೆ. ಹೀಗೆ, ಬೇರೆ ದಾರಿಯೇ ಇರಲಿಲ್ಲ ಎಂಬ ವಾದಕ್ಕೆ ರಿತ್ಸುಕೊ ಉತ್ತರ. ದಾರಿ ಇತ್ತು, ಅದು ಸಾವಿನ ದಾರಿ. ಆದ್ದರಿಂದ ಕೊಂದ ಶಿಕಿಗಳೆಲ್ಲ ತಮ್ಮ ಕೊಲೆಗಳಿಗೆ ಹೊಣೆಗಾರರೇ. ಆದರೆ ಅಂಥ ದಾರಿಯನ್ನು ಹಿಡಿಯಲಿಲ್ಲವೆಂದು ಇನ್ನೊಬ್ಬರನ್ನು ಆಕ್ಷೇಪಿಸುವ ಧೈರ್ಯ ನಮ್ಮಲ್ಲಿ ಎಷ್ಟು ಜನಕ್ಕಿದೆ ಎಂದೂ ಆ ಪುಟಗಳು ಕೇಳುತ್ತವೆ. ಇದಾದ ಮೇಲೆ ಊರವರ ಬೇಟೆ ಶುರುವಾಗುತ್ತದೆ. ಹಗಲಲ್ಲಿ ಮಲಗಿದವರನ್ನು ಎಳೆದು ತಂದು ಗೂಟ ಹೊಡೆಯುತ್ತಾರೆ. ಮೊದಲ ದಿನ ಕೈ ನಡುಗುತ್ತದೆ, ಆಮೇಲೆ ಅದು ಗದ್ದೆಯ ಕೆಲಸದಂತೆ ರೂಢಿಯಾಗುತ್ತದೆ. ಹೆಣಗಳ ನಡುವೆ ಕುಳಿತು ಬುತ್ತಿ ಬಿಚ್ಚಿ ಹರಟೆ ಹೊಡೆಯುವುದಕ್ಕೂ ಅಡ್ಡಿಯಿರುವುದಿಲ್ಲ. ಒಟ್ಟಿಗೆ ಮಲಗಿರುವ ರಿತ್ಸುಕೊ ಮತ್ತು ತೊರುವನ್ನು ಒಟ್ಟಿಗೇ ಮುಗಿಸುತ್ತಾರೆ. ಅವರಲ್ಲೊಬ್ಬಳು ಯಾರನ್ನೂ ಕೊಂದಿರಲಿಲ್ಲ ಎಂದು ವಿಚಾರಿಸುವ ವ್ಯವಧಾನ ಯಾರಿಗೂ ಇಲ್ಲ. ಅಷ್ಟಕ್ಕೇ ನಿಲ್ಲದೆ, ಶಿಕಿಗಳಿಗೆ ಆಸರೆ ಕೊಟ್ಟರೆಂಬ ಗುಮಾನಿಯಿಂದ ದೇಗುಲದ ಮನುಷ್ಯರನ್ನೂ ಕೊಲ್ಲುತ್ತಾರೆ. ಊರನ್ನು ಉಳಿಸಲು ಹೊರಟ ಬೇಟೆ ಊರಿನ ನಾಶದಲ್ಲಿ ಮುಗಿಯುತ್ತದೆ.

ನಿಶ್ಚಿಂತೆ ಏಕೆ ಅಪಾಯಕಾರಿ ಎಂಬುದು ಇಲ್ಲಿ ಸ್ಪಷ್ಟವಾಗುತ್ತದೆ. ಅದು ಬೇಟೆಗಾರನ ಮನಸ್ಸಿನ ಸೂಕ್ಷ್ಮದ ಪ್ರಶ್ನೆ ಮಾತ್ರವಾಗಿದ್ದರೆ, ಅವನು ಅತ್ತರೇನು ಬಿಟ್ಟರೇನು, ಸತ್ತವನಿಗೆ ಎಲ್ಲ ಒಂದೇ ಎನ್ನಬಹುದಿತ್ತು. ಹಲವು ವಿಮರ್ಶಕರು ಹಾಗೇ ಹೇಳುತ್ತಾರೆ. ಕಣ್ಣೀರು ಕೊಲೆಗೆ ಅಲಂಕಾರವಷ್ಟೆ ಎಂಬುದು ಅವರ ತಕರಾರು. ಸೊತೊಬಾ ಊರು ಇದಕ್ಕೆ ಉತ್ತರ ಹೇಳುತ್ತದೆ. ಕೈ ನಡುಗುವವನು ಪ್ರತಿ ಸಲವೂ ಎದುರಿಗಿರುವುದು ಯಾರು, ಏನು ಮಾಡಿದ್ದಾರೆ ಎಂದು ನೋಡುತ್ತಾನೆ. ನಡುಕ ನಿಂತವನು ನೋಡುವುದನ್ನು ನಿಲ್ಲಿಸುತ್ತಾನೆ, ನೋಡುವುದು ನಿಂತ ಕೂಡಲೇ ರಿತ್ಸುಕೊ ಸಾಯುತ್ತಾಳೆ, ಆಮೇಲೆ ದೇಗುಲದವರು ಸಾಯುತ್ತಾರೆ. ಬೇಟೆಗಾರನ ಕಳವಳ ಯಾರು ಸಾಯುತ್ತಾರೆ, ಯಾರು ಉಳಿಯುತ್ತಾರೆ ಎಂಬ ಲೆಕ್ಕವನ್ನೇ ಬದಲಿಸುತ್ತದೆ.

ರಕ್ಕಸನಿಗೆ ಮರುಗುವುದು ಅವನಿಂದ ಸತ್ತವರಿಗೆ ಮಾಡುವ ಅವಮಾನ ಎಂಬ ಆಕ್ಷೇಪವೂ ಇದೆ. ಇದಕ್ಕೆ ಹೆಚ್ಚು ಮಾತು ಬೇಡ. ತಂಜಿರೊನ ತಾಯಿಯನ್ನು, ತಮ್ಮಂದಿರನ್ನು, ತಂಗಿಯನ್ನು ರಕ್ಕಸ ಕೊಂದಿದ್ದಾನೆ. ಶಿನಿಚಿ ತಾಯಿಯನ್ನು ಕಳೆದುಕೊಂಡಿದ್ದಾನೆ. ಮರುಕ ಬರುತ್ತಿರುವುದು ಏನೂ ಕಳೆದುಕೊಳ್ಳದೆ ದೂರ ನಿಂತು ಉಪದೇಶ ಮಾಡುವವರಿಂದಲ್ಲ, ಎಲ್ಲವನ್ನೂ ಕಳೆದುಕೊಂಡವರಿಂದ.

ಇದಕ್ಕಿಂತ ಗಂಭೀರವಾದದ್ದು ಇನ್ನೊಂದು. ಘೂಲ್‌ಗಳನ್ನು, ಟೈಟನ್‌ಗಳನ್ನು ನಿಜಜಗತ್ತಿನ ಅಲ್ಪಸಂಖ್ಯಾತರ ರೂಪಕವಾಗಿ ಓದುವ ರೂಢಿ ಬಲವಾಗಿದೆ. ಇಸಾಯಾಮಾ ಹಾಜಿಮೆ ಅವರ ‘ಅಟ್ಯಾಕ್ ಆನ್ ಟೈಟನ್’ (2009–2021) ಆ ಓದನ್ನು ತಾನೇ ಕರೆದು ಕೂರಿಸುತ್ತದೆ. ಅಲ್ಲಿ ಟೈಟನ್‌ಗಳಾಗಬಲ್ಲ ಎಲ್ಡಿಯನ್ ಜನಾಂಗದವರು ತೋಳಿಗೆ ಪಟ್ಟಿ ಕಟ್ಟಿಕೊಂಡು, ಗೋಡೆಯೊಳಗಿನ ಕೇರಿಯಲ್ಲಿ ಬಾಳುತ್ತಾರೆ. ನಾಜಿಗಳ ಕಾಲದ ಯಹೂದಿಗಳ ನೆನಪು ಯಾರಿಗಾದರೂ ಬರುತ್ತದೆ. ಈ ರೂಪಕ ಅಪಾಯದ್ದು ಎಂದು ಹೇಳಿದ ವಿಮರ್ಶಕರ ಮಾತು ನನಗೆ ಸರಿಯೆನಿಸುತ್ತದೆ. ಯಹೂದಿಗಳು ಯಾರನ್ನೂ ತಿನ್ನುತ್ತಿರಲಿಲ್ಲ. ಅವರ ಮೇಲಿನ ಭಯ ಸುಳ್ಳಿನ ಮೇಲೆ ಕಟ್ಟಿದ್ದು. ಟೈಟನ್ ಮಾತ್ರ ನಿಜಕ್ಕೂ ಮನುಷ್ಯರನ್ನು ತಿನ್ನುತ್ತದೆ, ಘೂಲ್ ಕೂಡ ತಿನ್ನುತ್ತಾನೆ. ರೂಪಕವನ್ನು ಒಪ್ಪಿದರೆ, ದ್ವೇಷಿಗಳ ಭಯಕ್ಕೆ ಆಧಾರವಿತ್ತು ಎಂದು ತಿಳಿಯದೆಯೇ ಒಪ್ಪಿದಂತಾಗುತ್ತದೆ. ಆದ್ದರಿಂದಲೇ ಈ ಕೃತಿಗಳನ್ನು ರಕ್ಕಸ ಯಾರ ಪ್ರತಿನಿಧಿ ಎಂದು ಕೇಳುತ್ತ ಓದಬಾರದು. ಅಪಾಯ ನಿಜವಾಗಿದ್ದಾಗಲೂ ಬೇಟೆಗಾರನಿಗೆ ಮಿತಿಗಳಿವೆಯೇ ಎಂದು ಕೇಳುತ್ತ ಓದಬೇಕು. ಅಪಾಯ ನಿಜವಿದ್ದಾಗಲೂ ಮಿತಿಗಳಿವೆ ಎಂದಾದರೆ, ಅಪಾಯ ಬರೀ ಕಲ್ಪನೆಯಾದಲ್ಲಿ ಬೇಟೆಗೆ ಯಾವ ನೆಪವೂ ಉಳಿಯುವುದಿಲ್ಲ. ಇಸಾಯಾಮಾ ತಮ್ಮ ಕೃತಿಯ ಕೊನೆಯಲ್ಲಿ ಎಡವಿದ್ದು ಇಲ್ಲೇ. ನಾಯಕ ಎರೆನ್ ಮನುಕುಲದ ಶೇ 80ರಷ್ಟು ಜನರನ್ನು ತುಳಿಸಿ ಕೊಂದ ಮೇಲೂ ಕಥೆ ಅವನ ದುಃಖದ ಸುತ್ತಲೇ ಸುತ್ತುತ್ತದೆ, ತುಳಿತಕ್ಕೆ ಸಿಕ್ಕವರಿಗೆ ಕೆಲವೇ ಪುಟಗಳು ಸಿಗುತ್ತವೆ. ಸಂಕಟದ ತೂಕವನ್ನು ಹೀಗೆ ಒಂದೇ ತಟ್ಟೆಗೆ ಸುರಿದರೆ ಅದು ನೈತಿಕ ಸಂದಿಗ್ಧವಲ್ಲ.

‘ಡೆಮನ್ ಸ್ಲೇಯರ್’ಗೂ ಅದರದೇ ಆದ ಕೊರತೆಯಿದೆ. ಅಕಾಜಾ ಎಂಬ ರಕ್ಕಸನ ಪೂರ್ವಕಥೆ ಎಂಥ ಓದುಗನನ್ನೂ ಕಲಕುತ್ತದೆ. ರೋಗಿ ತಂದೆಯ ಮದ್ದಿಗಾಗಿ ಕಳ್ಳತನ ಮಾಡಿ ಶಿಕ್ಷೆಯ ಹಚ್ಚೆ ಹಾಕಿಸಿಕೊಂಡ ಹುಡುಗ, ಮಗ ಕಳ್ಳನಾದನೆಂದು ನೇಣು ಹಾಕಿಕೊಂಡ ತಂದೆ, ಕೈಹಿಡಿದು ಮೇಲೆತ್ತಿದ ಗುರು, ಮದುವೆ ಗೊತ್ತಾಗಿದ್ದ ಅವನ ಮಗಳು, ಅವರಿಬ್ಬರನ್ನೂ ಕೊಂದ ಬಾವಿಯ ವಿಷ, ಬರಿಗೈಯಲ್ಲಿ ಅವನು ಕೊಂದ 67 ಜನ. ಆದರೆ ಇದೆಲ್ಲ ತೆರೆದುಕೊಳ್ಳುವುದು ಅವನ ತಲೆ ಹಾರಿದ ಮೇಲೆ, ಅದೂ ಓದುಗನಿಗೆ ಮಾತ್ರ. ಕಡಿದ ತಂಜಿರೊಗೆ ಆ ಕಥೆಯ ಎಳೆಯೂ ಗೊತ್ತಾಗುವುದಿಲ್ಲ. ಮರುಕಕ್ಕೆ ಇಲ್ಲಿ ಬೆಲೆ ತೆರಬೇಕಿಲ್ಲ, ಕತ್ತಿ ತನ್ನ ಕೆಲಸ ಮುಗಿಸಿದೆ. 2020ರಲ್ಲಿ ‘ಡೆಮನ್ ಸ್ಲೇಯರ್’ ಸಿನಿಮಾ ಜಪಾನಿನ ಗಳಿಕೆಯ ದಾಖಲೆ ಮುರಿದದ್ದರಲ್ಲಿ ಇಂಥ ಸುಲಭದ ಕಣ್ಣೀರಿಗೂ ಪಾಲಿದೆ ಎಂದು ನನಗನಿಸುತ್ತದೆ. ರುಯಿಯ ಬಟ್ಟೆಯ ದೃಶ್ಯ ಮೇಲ್ಮಟ್ಟದ್ದಾಗುವುದು ಈ ಹಿನ್ನೆಲೆಯಲ್ಲೇ. ಅಲ್ಲಿ ತಂಜಿರೊಗೆ ರುಯಿಯ ಪೂರ್ವಕಥೆ ಗೊತ್ತಿಲ್ಲ, ಆದರೂ ಹಿರಿಯನ ಎದುರು ನಿಂತು ಕಾಲು ತೆಗೆಯಿರಿ ಎನ್ನುತ್ತಾನೆ. ಗೌರವಕ್ಕೆ ಕರುಣಾಜನಕ ಕಥೆಯೊಂದರ ಶಿಫಾರಸು ಬೇಕಿಲ್ಲ ಎಂದು ಅವನಿಗೆ ಗೊತ್ತಿದೆ.

ಇದೆಲ್ಲ ಹೊಸಗಾಲದ ಗೊಂದಲ, ಹಿಂದಿನವರಿಗೆ ರಕ್ಕಸ ಯಾರು ವೀರ ಯಾರು ಎಂಬುದರಲ್ಲಿ ಅನುಮಾನವಿರಲಿಲ್ಲ ಎನ್ನುವವರಿಗೆ ಶುತೆನ್ ದೋಜಿಯ ಕಥೆ ಸಾಕು. ಕನ್ನಡ ಓದುಗರಿಗಂತೂ ನಾಗಚಂದ್ರನ ರಾವಣ ಪರಿಚಿತ, ಅಲ್ಲಿ ರಾಕ್ಷಸರು ರಾಕ್ಷಸರೇ ಅಲ್ಲ, ವಿದ್ಯಾಧರರು. ಆದರೆ ನಮ್ಮ ಕವಿ ಪಶ್ಚಾತ್ತಾಪದಿಂದ ರಾವಣನನ್ನು ಎತ್ತರಕ್ಕೇರಿಸಿದ. ಈ ಮಾಂಗಾಗಳಲ್ಲಿ ಒಳ್ಳೆಯವು ರಕ್ಕಸನನ್ನು ಇದ್ದಲ್ಲೇ ಬಿಟ್ಟು, ‘ಪ್ಯಾರಸೈಟ್’ನ ಗೊತೊವನ್ನು ಒಂದಿಷ್ಟೂ ಒಳ್ಳೆಯವನನ್ನಾಗಿಸದೆ, ಅವನನ್ನು ಕಡಿಯಲು ಹೊರಟವನನ್ನು ಮಾತ್ರ ಬದಲಾಯಿಸುತ್ತವೆ. ಇದು ಬೇರೆಯೇ ಕೆಲಸ, ನನ್ನ ಎಣಿಕೆಯಲ್ಲಿ ಹೆಚ್ಚು ಕಷ್ಟದ್ದು ಕೂಡ.

ಇವುಗಳಲ್ಲಿ ರಕ್ತಪಾತ ಧಾರಾಳವಾಗಿದೆ. ‘ಶಿಕಿ’, ‘ಡೆವಿಲ್‌ಮ್ಯಾನ್’ ಎರಡೂ ಚಿಕ್ಕ ಮಕ್ಕಳ ಕೈಗೆ ಕೊಡುವಂಥವಲ್ಲ. ಆದರೆ ನಮ್ಮ ಊರುಗಳ ಹದಿಹರೆಯದವರು ಮೊಬೈಲಿನಲ್ಲಿ ಇವನ್ನು ಓದುತ್ತಿದ್ದಾರೆ, ಇವುಗಳ ಆನಿಮೆಗಳನ್ನು ನೋಡುತ್ತಿದ್ದಾರೆ. ಮನೆಯಲ್ಲಿ ಅಂಥವರಿದ್ದರೆ ಭೂತಪ್ರೇತದ ಕಥೆಯೆಂದು ಕಸಿದಿಡಬೇಡಿ. ‘ಪ್ಯಾರಸೈಟ್’ ಹತ್ತೇ ಸಂಪುಟ, ನೀವೂ ಓದಿ. ಶಿನಿಚಿ ಮರಳಿ ಬಂದದ್ದು ಸರಿಯೇ ಎಂದು ಅವರನ್ನು ಕೇಳಿ, ಅವರ ಉತ್ತರ ಮುಗಿಯುವವರೆಗೆ ನಿಮ್ಮದನ್ನು ಹೇಳಬೇಡಿ.